ಜಟಾಯುವಿನ ಬೆಟ್ಟ, ಪುಷ್ಪಕದ ಬಯಲು

ಮೊಳಕಾಲ್ಮುರು ತಾಲ್ಲೂಕಿನ ಜಟಿಂಗ ರಾಮೇಶ್ವರ ಬೆಟ್ಟದಲ್ಲಿ ಅಶೋಕನ ಶಾಸನವಿದೆ, ಗುಡಿಯಿದೆ, ಜೊತೆಗೊಂದು ಕಥೆಯೂ ಇದೆ. ರಾವಣನಿಗೆ ಅಡ್ಡ ಬಂದ ಜಟಾಯು ರೆಕ್ಕೆ ಕಡಿಸಿಕೊಂಡು ಬಿದ್ದದ್ದು ಇಲ್ಲೇ ಎಂಬುದು ಸುತ್ತಲ ಊರಿನವರ ನಂಬಿಕೆ. ಪಕ್ಕದ ಚಳ್ಳಕೆರೆಯ ಬಯಲಲ್ಲಿ ಇಸ್ರೋ ಇಳಿಸಿದ ರೆಕ್ಕೆಯ ವಾಹನದ ಹೆಸರು 'ಪುಷ್ಪಕ್'. ಅದು ರೆಕ್ಕೆ ಬಡಿಯುವುದಿಲ್ಲ. ಬಡಿಯದ ರೆಕ್ಕೆಯೂ ಹಾರಬಲ್ಲದು ಎಂದು ತಿಳಿಯಲು ಮನುಷ್ಯನಿಗೆ ನೂರಾರು ವರ್ಷ ಬೇಕಾದವು.

ಹನ್ನೊಂದನೇ ಶತಮಾನದಲ್ಲಿ ಇಂಗ್ಲೆಂಡಿನ ಸನ್ಯಾಸಿ ಐಲ್ಮರ್ ರೆಕ್ಕೆ ಕಟ್ಟಿಕೊಂಡು ಗೋಪುರದಿಂದ ಹಾರಿ ಎರಡೂ ಕಾಲು ಮುರಿದುಕೊಂಡ. ಬಾಲ ಕಟ್ಟಿಕೊಳ್ಳಲು ಮರೆತದ್ದೇ ತಪ್ಪಾಯಿತು ಎಂದನಂತೆ. ಬಿದ್ದವನು ಏಕೆ ಬಿದ್ದೆನೆಂದು ಯೋಚಿಸಿದ್ದು ದೊಡ್ಡ ಮಾತು. ಮುಂದೆ ಲಿಯೊನಾರ್ಡೊ ಡಾ ವಿಂಚಿ ಕೈಕಾಲಿನ ಬಲದಿಂದ ರೆಕ್ಕೆ ಬಡಿಯುವ ಯಂತ್ರಗಳ ಚಿತ್ರ ಬರೆದ. ಆದರೆ 1680ರಲ್ಲಿ ಪ್ರಕಟವಾದ ಇಟಲಿಯ ವಿಜ್ಞಾನಿ ಬೊರೆಲ್ಲಿಯ ಗ್ರಂಥ ಹಕ್ಕಿಯ ಎದೆಯ ಸ್ನಾಯುಗಳನ್ನು ಮನುಷ್ಯನ ಸ್ನಾಯುಗಳೊಡನೆ ಹೋಲಿಸಿ, ನಮ್ಮ ತೋಳಿಗೆ ಅಷ್ಟು ಕಸುವಿಲ್ಲ ಎಂದು ತೋರಿಸಿತು.

ದಾರಿ ತೆರೆದವನು ಇಂಗ್ಲೆಂಡಿನ ಜಾರ್ಜ್ ಕೇಲಿ. ಮೈಯನ್ನು ಎತ್ತಿಹಿಡಿಯುವುದು ಅಲುಗದ ರೆಕ್ಕೆಯ ಕೆಲಸ, ಮುಂದಕ್ಕೆ ತಳ್ಳುವುದು ಬೇರೊಂದು ಸಾಧನದ ಕೆಲಸ ಎಂದು 1799ರಲ್ಲೇ ಅವನು ಬೇರ್ಪಡಿಸಿದ. ಜರ್ಮನಿಯ ಒಟ್ಟೊ ಲಿಲಿಯೆಂಥಾಲ್ ಗುಡ್ಡಗಳಿಂದ ಸುಮಾರು 2,000 ಸಲ ತೇಲಿ ಇಳಿದು, 1896ರಲ್ಲಿ ಬಿದ್ದು ಸತ್ತ.

ಕರ್ನಾಟಕದಲ್ಲೂ ಹಕ್ಕಿಯ ಆಸೆ ಕಾಗದಕ್ಕಿಳಿದಿತ್ತು. ಆನೇಕಲ್ ಸುಬ್ಬರಾಯ ಶಾಸ್ತ್ರಿಗಳು ಹೇಳಿ ಬರೆಸಿದ 'ವೈಮಾನಿಕ ಶಾಸ್ತ್ರ'ದ ಶಕುನ ವಿಮಾನಕ್ಕೆ ರೆಕ್ಕೆಯೂ ಇತ್ತು, ಬಾಲವೂ ಇತ್ತು. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಎಚ್.ಎಸ್. ಮುಕುಂದ ಮತ್ತು ಸಂಗಡಿಗರು ಅದನ್ನು ಶ್ರದ್ಧೆಯಿಂದ ಓದಿ, ಲೆಕ್ಕ ಹಾಕಿ, ಆ ವಿಮಾನಗಳು ಹಾರಲಾರವು, ಗ್ರಂಥವೂ ಇಪ್ಪತ್ತನೇ ಶತಮಾನದ್ದು ಎಂದು 1974ರಲ್ಲಿ ಬರೆದರು. ಹೆಮ್ಮೆಪಡಬೇಕಾದದ್ದು ಈ ಪ್ರಾಮಾಣಿಕ ಪರೀಕ್ಷೆಯ ಬಗ್ಗೆ. ಅದೇ ಸಂಸ್ಥೆಯ ಎರಡನೇ ಆವರಣ ಇಂದು ಚಳ್ಳಕೆರೆ ಬಳಿಯ ಕುದಾಪುರದಲ್ಲಿದೆ.

ಮನುಷ್ಯಬಲದ ಆಸೆ ಸಾಯಲಿಲ್ಲ, ತೋಳಿನಿಂದ ಕಾಲಿಗಿಳಿಯಿತು. 1977ರಲ್ಲಿ ಅಮೆರಿಕದ ಪಾಲ್ ಮೆಕ್‌ಕ್ರೆಡಿ ಕಟ್ಟಿದ 'ಗೊಸಮರ್ ಕಾಂಡರ್' ಅನ್ನು ಬ್ರಯಾನ್ ಆ್ಯಲನ್ ಸೈಕಲ್ಲಿನಂತೆ ಪೆಡಲ್ ತುಳಿದು ಹಾರಿಸಿದ. ವಿಮಾನದ ತೂಕ ಸುಮಾರು 32 ಕಿಲೊ, ರೆಕ್ಕೆಯ ಅಗಲ 29 ಮೀಟರ್. 1979ರಲ್ಲಿ ಅವನೇ ಇಂಗ್ಲಿಷ್ ಕಾಲುವೆ ದಾಟಿದ. 1988ರಲ್ಲಿ 'ಡೇಡಲಸ್' ಎಂಬ ಪೆಡಲ್ ವಿಮಾನ ಕ್ರೀಟ್ ದ್ವೀಪದಿಂದ 115 ಕಿಲೊಮೀಟರ್ ಹಾರಿತು. ರೆಕ್ಕೆ ಬಡಿದೇ ಹಾರಬೇಕೆಂಬ ಲಿಯೊನಾರ್ಡೊನ ಕನಸು ಮಾತ್ರ 2010ರವರೆಗೆ ಕಾಯಬೇಕಾಯಿತು. ಕೆನಡಾದ 'ಸ್ನೋಬರ್ಡ್' ಅನ್ನು ಕಾರಿನಿಂದ ಎಳೆದು ಮೇಲೇರಿಸಿದ ಮೇಲೆ, ಅದು ಕಾಲಿನ ಬಲದಿಂದಲೇ ರೆಕ್ಕೆಯಾಡಿಸುತ್ತ 19.3 ಸೆಕೆಂಡು ಗಾಳಿಯಲ್ಲಿ ನಿಂತಿತು.

ಚಳ್ಳಕೆರೆಯ ವೈಮಾನಿಕ ಪರೀಕ್ಷಾ ವಲಯದಲ್ಲಿ ನಡೆದದ್ದು ಲಿಲಿಯೆಂಥಾಲನ ದಾರಿಯದು. 2024ರ ಜೂನ್ 23ರಂದು ವಾಯುಪಡೆಯ ಚಿನೂಕ್ ಹೆಲಿಕಾಪ್ಟರ್ 4.5 ಕಿಲೊಮೀಟರ್ ಎತ್ತರದಲ್ಲಿ ಪುಷ್ಪಕ್ ಅನ್ನು ಕೈಬಿಟ್ಟಿತು. ಎಂಜಿನ್ನಿನ ನೆರವಿಲ್ಲ, ಒಳಗೆ ಮನುಷ್ಯನೂ ಇಲ್ಲ. ತನ್ನ ದಾರಿ ತಾನೇ ತಿದ್ದಿಕೊಂಡು ಬಂದು ಗಂಟೆಗೆ 320 ಕಿಲೊಮೀಟರಿಗೂ ಮೀರಿದ ವೇಗದಲ್ಲಿ ನೆಲ ಮುಟ್ಟಿತು. ಪ್ಯಾರಾಚೂಟ್ ಬಿಚ್ಚಿ ವೇಗ ತಗ್ಗಿತು. ರನ್‌ವೇ ಮೇಲಿನ ಓಟದಲ್ಲಿ ಅದನ್ನು ಅತ್ತಿತ್ತ ಸರಿಯದಂತೆ ಹಿಡಿದದ್ದು ಮುಂದಿನ ಚಕ್ರ, ಮತ್ತು ಐಲ್ಮರ್ ಕಟ್ಟಿಕೊಳ್ಳಲು ಮರೆತಿದ್ದ ಬಾಲ.