ಹಾಡಿನ ಪಟ್ಟಿ ಕನ್ನಡದಲ್ಲಿ ತೆರೆದುಕೊಂಡ ಕಥೆ

ಇವತ್ತಿನ ಕಥೆ ಮೂಡಿಗೆರೆ ತಾಲ್ಲೂಕಿನ ದೇವರಮನೆಯಿಂದ ಶುರು. ಕಾಲಭೈರವೇಶ್ವರ ದೇವಸ್ಥಾನ ದಾಟಿ ಗುಡ್ಡದ ಅಂಚಿಗೆ ಬಂದಿದ್ದೀರಿ ಅಂದ್ಕೊಳ್ಳಿ. ಮಂಜು, ಗಾಳಿ. ನೆಟ್‌ವರ್ಕ್ ಹೋದ್ರೆ ಆನ್‌ಲೈನ್ ಹಾಡು ನಿಲ್ಲುತ್ತೆ. ಆಗ ಫೋನ್‌ಗೆ ಮೊದಲೇ ಇಳಿಸಿಕೊಂಡ ಫೈಲೇ ಗತಿ. ಅದರ ಹೆಸರು ಕನ್ನಡದಲ್ಲಿದೆ, ಓದ್ತೀರಿ, ಒತ್ತುತ್ತೀರಿ. ಇದರಲ್ಲೇನು ವಿಶೇಷ ಅಂತೀರಾ? ಇಪ್ಪತ್ತೈದು ವರ್ಷದ ಹಿಂದೆ ಇದು ಇಷ್ಟು ಸಲೀಸಾಗಿರಲಿಲ್ಲ.

ಸ್ವಲ್ಪ ಹೊತ್ತು ಅಮೆರಿಕಕ್ಕೆ ಹೋಗಿಬರೋಣ. 1976ರಲ್ಲಿ ಎಂಐಟಿಯ ಪ್ರಯೋಗಾಲಯದಲ್ಲಿ ಈಮ್ಯಾಕ್ಸ್ ಹುಟ್ಟಿತು. ಅಕ್ಷರ ಬರೆಯೋಕೆ, ತಿದ್ದೋಕೆ ಇರುವ ತಂತ್ರಾಂಶ ಅದು. 1985ರಲ್ಲಿ ರಿಚರ್ಡ್ ಸ್ಟಾಲ್‌ಮನ್ ಅದರ ಹೊಸ ರೂಪ ಜಿಎನ್‌ಯು ಈಮ್ಯಾಕ್ಸ್ ಹೊರತಂದರು. ಬಳಸುವವರೇ ಅದನ್ನ ಬದಲಾಯಿಸಬಹುದಿತ್ತು. ಜನ ಸುಮ್ಮನಿರ್ತಾರಾ? ಅದರೊಳಗೇ ಇಮೇಲ್ ಓದಿದ್ರು, ಕ್ಯಾಲೆಂಡರ್ ಇಟ್ಕೊಂಡ್ರು, ಕೊನೆಗೆ ಹಾಡನ್ನೂ ಹಾಕಿದ್ರು!

ಅದಕ್ಕಿರುವ ಸಲಕರಣೆ ಇಎಂಎಂಎಸ್. ನಿಜ ಹೇಳ್ಬೇಕಂದ್ರೆ ಹಾಡು ನುಡಿಸೋದು ಅದಲ್ಲ. ಎಂಪಿವಿ, ವಿಎಲ್‌ಸಿಯಂಥ ಪ್ಲೇಯರ್‌ಗೆ ಅದು ಆಜ್ಞೆ ಕಳಿಸುತ್ತೆ ಅಷ್ಟೆ. ವಿಡಿಯೊ ಆದ್ರೆ ಪ್ಲೇಯರ್ ಬೇರೆ ಕಿಟಕಿ ತೆರೆಯುತ್ತೆ. ಲಾಭ ಏನಪ್ಪಾ ಅಂದ್ರೆ, ಹಾಡಿನ ಪಟ್ಟಿಯೂ ಬರೀ ಅಕ್ಷರ. ಸಾಲು ಕತ್ತರಿಸಿ ಮೇಲೆ ಅಂಟಿಸಿದ್ರೆ ಆ ಹಾಡೇ ಮೊದಲು ಬರುತ್ತೆ. ರೆಕಾರ್ಡಿಂಗ್ ಕೇಳ್ತಾ ಟೈಪ್ ಮಾಡೋರಿಗೆ ಕೀಬೋರ್ಡ್‌ನಿಂದ ಕೈ ತೆಗೆಯದೆ ನಿಲ್ಲಿಸಬಹುದು, ಹಿಂದೆ ಹೋಗಬಹುದು.

ಆದ್ರೆ ಪಟ್ಟಿ ಅಕ್ಷರ ಅಂದಮೇಲೆ ಆ ಅಕ್ಷರ ಎಲ್ಲಾ ಕಡೆ ಓದೋಕೆ ಬರಬೇಕಲ್ವಾ? ಕನ್ನಡದ ತೊಡಕು ಇದ್ದದ್ದೇ ಇಲ್ಲಿ. ಹಳೆಯ ಫಾಂಟ್‌ಗಳು ಇಂಗ್ಲಿಷ್ ಅಕ್ಷರದ ಸಂಕೇತಗಳ ಮೇಲೆ ಕನ್ನಡದ ಚಿತ್ರ ಕೂರಿಸಿದ್ದವು. ಆ ಫಾಂಟ್ ಇಲ್ಲದ ಕಂಪ್ಯೂಟರ್‌ನಲ್ಲಿ ತೆರೆದ್ರೆ ಬರೀ ಕಲಸುಮೇಲೋಗರ.

ಈ ಚಿಂತೆ ದೇವರಮನೆಯ ತಾಲ್ಲೂಕಿನಲ್ಲೇ ಒಬ್ಬರನ್ನ ಕಾಡಿತ್ತು. ಅವರು ಮೂಡಿಗೆರೆಯ ಪೂರ್ಣಚಂದ್ರ ತೇಜಸ್ವಿ. ಕಾಫಿ ತೋಟದಲ್ಲಿ ಕೂತು ಕಾದಂಬರಿ ಬರೆದವರು, ಕಂಪ್ಯೂಟರ್‌ನಲ್ಲಿ ಕನ್ನಡ ಸಲೀಸಾಗಿ ನಡೆಯದಿದ್ರೆ ಭಾಷೆಗೇ ಉಳಿಗಾಲವಿಲ್ಲ ಅಂತ ಕಳವಳಪಟ್ಟವರು. ಹಂಪಿಯ ಕನ್ನಡ ವಿಶ್ವವಿದ್ಯಾಲಯದ ಕುವೆಂಪು ಕನ್ನಡ ತಂತ್ರಾಂಶದ ಹಿಂದೆ ಅವರ ಒತ್ತಾಸೆ ಇತ್ತು. 2007ರ ಏಪ್ರಿಲ್ 5ರಂದು ಅವರು ತೀರಿಕೊಂಡರು. ಆಗಿನ್ನೂ ಸ್ಮಾರ್ಟ್‌ಫೋನ್ ನಮ್ಮ ಜೇಬಿಗೆ ಬಂದಿರಲಿಲ್ಲ.

ತೊಡಕು ಬಿಡಿಸಿದ್ದು ಯುನಿಕೋಡ್. 1991ರ ಮೊದಲ ಆವೃತ್ತಿಯಲ್ಲೇ ಕನ್ನಡಕ್ಕೆ ಜಾಗ ಇತ್ತು. ಬಳಕೆಗೆ ಬರೋಕೆ ಮಾತ್ರ ವರ್ಷಗಳೇ ಹಿಡಿದವು. 2001ರಲ್ಲಿ ವಿಂಡೋಸ್ ಎಕ್ಸ್‌ಪಿ ಜೊತೆ ತುಂಗಾ ಫಾಂಟ್ ಬಂತು. ಈಗ ಈಮ್ಯಾಕ್ಸ್‌ನ ‘ಹಲೋ’ ಫೈಲ್ ತೆರೆದ್ರೆ ಹತ್ತಾರು ಭಾಷೆಗಳ ನಡುವೆ ನಮ್ಮ ‘ನಮಸ್ಕಾರ’ವೂ ಇದೆ. 2025ರ 30ನೇ ಆವೃತ್ತಿಯಿಂದ ಈಮ್ಯಾಕ್ಸ್ ಆಂಡ್ರಾಯ್ಡ್ ಫೋನಿಗೂ ಬಂದಿದೆ.

ಮುಂದಿನ ಸಲ ದೇವರಮನೆಗೆ ಹೊರಡುವ ಮುಂಚೆ ಹಾಡು ಇಳಿಸಿಕೊಳ್ಳಿ. ಹೆಸರು ಕನ್ನಡದಲ್ಲೇ ಇಡಿ. ಅದು ಓದೋಕೆ ಬರಲಿ ಅಂತ ನಿಮ್ಮ ಹಿಂದಿನವರು ತುಂಬಾ ವರ್ಷ ಗುದ್ದಾಡಿದ್ದಾರೆ.