ಹಿಂದಿನ ಮಾಲೀಕರ ವಿದ್ಯುತ್ ಬಾಕಿ ಹಾಗೂ ಸ್ವತ್ತಿನ ಹೊಸ ಖರೀದಿದಾರರು

ಮನೆ, ಮಳಿಗೆ ಅಥವಾ ಕಾರ್ಖಾನೆಯ ಕಟ್ಟಡವನ್ನು ಖರೀದಿಸುವವರು ಉಪನೋಂದಣಾಧಿಕಾರಿಗಳ ಕಚೇರಿಯಿಂದ ಋಣಭಾರ ಪ್ರಮಾಣಪತ್ರವನ್ನು ಪಡೆದು, ಸ್ವತ್ತು ಋಣಮುಕ್ತವಾಗಿದೆಯೆಂದು ಭಾವಿಸುವುದು ವಾಡಿಕೆ. ಆದರೆ ಸದರಿ ಪ್ರಮಾಣಪತ್ರದಲ್ಲಿ ಕ್ರಯ, ಅಡಮಾನ ಮುಂತಾದ ನೋಂದಾಯಿತ ವ್ಯವಹಾರಗಳು ಮಾತ್ರ ನಮೂದಾಗಿರುತ್ತವೆ. ಹಿಂದಿನ ಮಾಲೀಕರು ಉಳಿಸಿಹೋದ ವಿದ್ಯುತ್ ಶುಲ್ಕದ ಬಾಕಿಯು ಅದರಲ್ಲಿ ಕಾಣುವುದಿಲ್ಲ. ಸಂಪರ್ಕ ಕಡಿತಗೊಂಡಿರುವ ಕಟ್ಟಡವನ್ನು ಕೊಂಡವರಿಗೆ ಈ ಸಂಗತಿ ತಿಳಿದುಬರುವುದು ಬಹುಮಟ್ಟಿಗೆ ಮರುಸಂಪರ್ಕಕ್ಕೆ ಅರ್ಜಿ ಸಲ್ಲಿಸಿದಾಗಲೇ.

ಬಾಕಿಯ ಹೊಣೆ

ಬಾಕಿಯು ವಿದ್ಯುತ್ ಬಳಸಿದವರದೇ ಹೊರತು ಕಟ್ಟಡದ್ದಲ್ಲ ಎಂಬ ವಾದವು ಬಹುಕಾಲ ನ್ಯಾಯಾಲಯಗಳಲ್ಲಿ ಚರ್ಚೆಗೆ ಒಳಗಾಗಿತ್ತು. 1995ರ ಈಶಾ ಮಾರ್ಬಲ್ಸ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು ಹರಾಜಿನಲ್ಲಿ ಕೊಂಡವರ ಪರವಾಗಿ ತೀರ್ಪು ನೀಡಿತ್ತು. ಕೆ.ಸಿ. ನೈನಾನ್ ಮತ್ತು ಕೇರಳ ರಾಜ್ಯ ವಿದ್ಯುಚ್ಛಕ್ತಿ ಮಂಡಳಿ ಪ್ರಕರಣದಲ್ಲಿ 2023ರ ಮೇ 19ರಂದು ನೀಡಿದ ತೀರ್ಪು ಈ ವಿಷಯದಲ್ಲಿ ಹೆಚ್ಚಿನ ಸ್ಪಷ್ಟತೆಯನ್ನು ತಂದಿದೆ. ಅದರಂತೆ, ಕಾನೂನಿನಲ್ಲಿ ಸ್ಪಷ್ಟ ಉಪಬಂಧವಿಲ್ಲದಿದ್ದಲ್ಲಿ ವಿದ್ಯುತ್ ಬಾಕಿಯು ಸ್ವತ್ತಿನ ಮೇಲಿನ ಋಣಭಾರವಾಗುವುದಿಲ್ಲ. ಆದಾಗ್ಯೂ, ಹಿಂದಿನ ಬಾಕಿ ತೀರಿದ ನಂತರವೇ ಸಂಪರ್ಕ ನೀಡಲಾಗುವುದೆಂಬ ಷರತ್ತನ್ನು ಶಾಸನಬದ್ಧ ನಿಯಮಗಳಲ್ಲಿ ವಿಧಿಸಿದ್ದಲ್ಲಿ ಅದು ಊರ್ಜಿತ. ಎಂದರೆ ಬೆಳಕು ಬೇಕಾದ ಹೊಸ ಮಾಲೀಕರು, ತಾವು ಮಾಡದ ಸಾಲವನ್ನು ತೀರಿಸಬೇಕಾದ ಪ್ರಸಂಗ ಒದಗಬಹುದು. ಬ್ಯಾಂಕಿನ ಹರಾಜಿನಲ್ಲಿ ‘ಇದ್ದಲ್ಲಿ ಇದ್ದಂತೆ’ ಎಂಬ ಷರತ್ತಿನ ಮೇಲೆ ಕೊಳ್ಳುವವರು ಈ ಬಗ್ಗೆ ವಿಶೇಷ ಎಚ್ಚರ ವಹಿಸತಕ್ಕದ್ದು.

ವಿದ್ಯುಚ್ಛಕ್ತಿ ಅಧಿನಿಯಮ, 2003ರ ಪ್ರಕರಣ 56(2)ರಲ್ಲಿ ಎರಡು ವರ್ಷಗಳ ಕಾಲಮಿತಿ ಇರುವುದರಿಂದ ಹಳೆಯ ಬಾಕಿ ತಾನಾಗಿಯೇ ಅಳಿದುಹೋಗುತ್ತದೆಂಬ ನಂಬಿಕೆ ಸರಿಯಲ್ಲ. ಬಿಲ್ಲುಗಳಲ್ಲಿ ನಿರಂತರವಾಗಿ ಬಾಕಿಯೆಂದು ತೋರಿಸುತ್ತ ಬಂದ ಮೊತ್ತಕ್ಕೆ ಈ ಮಿತಿ ಅನ್ವಯಿಸುವುದಿಲ್ಲ. ಸಿವಿಲ್ ದಾವೆಯ ಮೂಲಕ ವಸೂಲು ಮಾಡುವ ಹಕ್ಕನ್ನು ಸಹ ಇದು ತಡೆಯುವುದಿಲ್ಲವೆಂದು ಮೇಲ್ಕಂಡ ತೀರ್ಪಿನಲ್ಲಿ ಹೇಳಲಾಗಿದೆ.

ಖರೀದಿಗೆ ಮುನ್ನ

ಕರ್ನಾಟಕದಲ್ಲಿ ಪ್ರತಿಯೊಂದು ಸ್ಥಾವರವನ್ನು ಆರ್.ಆರ್. ಸಂಖ್ಯೆಯಿಂದ ಗುರುತಿಸಲಾಗುತ್ತದೆ. ಬಾಡಿಗೆದಾರರಿರುವ ಕಟ್ಟಡದಲ್ಲಿ ಹಲವು ಮೀಟರುಗಳಿದ್ದಲ್ಲಿ ಪ್ರತಿಯೊಂದರ ಆರ್.ಆರ್. ಸಂಖ್ಯೆಯನ್ನೂ ಪ್ರತ್ಯೇಕವಾಗಿ ಪರಿಶೀಲಿಸುವುದು ಅವಶ್ಯಕ. ಮೀಟರನ್ನು ಈಗಾಗಲೇ ತೆಗೆದುಹಾಕಿದ್ದಲ್ಲಿ ಮಾರಾಟಗಾರರಿಂದ ಹಳೆಯ ಬಿಲ್ಲನ್ನು ಕೇಳಿ ಪಡೆಯಬೇಕು. ಕೊನೆಯ ಬಿಲ್ಲಿನಲ್ಲಿ ಬಾಕಿ ಶೂನ್ಯವೆಂದಿದ್ದ ಮಾತ್ರಕ್ಕೆ ನಿಶ್ಚಿಂತರಾಗುವಂತಿಲ್ಲ. ಲೆಕ್ಕ ಪರಿಶೋಧನೆ ಅಥವಾ ತಪಾಸಣೆಯ ನಂತರ ವಿಧಿಸುವ ಹಿಂಬಾಕಿಯು ತಡವಾಗಿ ಸೇರ್ಪಡೆಯಾಗಬಹುದು. ಆದ್ದರಿಂದ ಸಂಬಂಧಪಟ್ಟ ವಿದ್ಯುತ್ ಸರಬರಾಜು ಕಂಪನಿಯ ಉಪವಿಭಾಗ ಕಚೇರಿಯಿಂದ ಬಾಕಿಯ ವಿವರವನ್ನು ಲಿಖಿತವಾಗಿ ಪಡೆಯುವುದು ಕ್ಷೇಮಕರ. ಈ ಪತ್ರವನ್ನು ಮಾರಾಟಗಾರರ ಮೂಲಕವೇ ತರಿಸುವುದು ಸುಲಭ, ಏಕೆಂದರೆ ಅಲ್ಲಿಯವರೆಗೆ ದಾಖಲೆಯಲ್ಲಿನ ಗ್ರಾಹಕರು ಅವರೇ ಆಗಿರುತ್ತಾರೆ.

ಸ್ವತ್ತು ವರ್ಗಾವಣೆ ಅಧಿನಿಯಮ, 1882ರ ಪ್ರಕರಣ 55ರ ಮೇರೆಗೆ, ವ್ಯತಿರಿಕ್ತ ಕರಾರು ಇಲ್ಲದಿದ್ದಲ್ಲಿ, ಮಾರಾಟದ ದಿನಾಂಕದವರೆಗಿನ ಸಾರ್ವಜನಿಕ ಶುಲ್ಕಗಳನ್ನು ಮಾರಾಟಗಾರರೇ ಪಾವತಿಸತಕ್ಕದ್ದು. ಆದರೆ ಹಣ ಕೈಸೇರಿದ ಮೇಲೆ ಮಾರಾಟಗಾರರನ್ನು ಹುಡುಕುವುದು ಕಷ್ಟದ ಕೆಲಸ. ವಿದ್ಯುತ್ ಮತ್ತು ನೀರಿನ ಬಾಕಿಯ ಹೊಣೆಯನ್ನು ಕ್ರಯದ ಕರಾರಿನಲ್ಲಿಯೇ ಸ್ಪಷ್ಟವಾಗಿ ಬರೆಸಿ, ಬಾಕಿ ತೀರುವವರೆಗೆ ಸ್ವಲ್ಪ ಮೊತ್ತವನ್ನು ತಡೆಹಿಡಿಯುವುದು ಹೆಚ್ಚು ಫಲಕಾರಿ.

ನೋಂದಣಿಯ ನಂತರ

ಕ್ರಯಪತ್ರದ ಪ್ರತಿಯೊಂದಿಗೆ ಹೆಸರು ಬದಲಾವಣೆಗೆ ವಿಳಂಬವಿಲ್ಲದೆ ಅರ್ಜಿ ಸಲ್ಲಿಸತಕ್ಕದ್ದು. ಸ್ವಾಧೀನ ಪಡೆದ ದಿನದ ಮೀಟರ್ ಓದನ್ನು ಉಭಯ ಪಕ್ಷಗಳ ಸಹಿಯೊಂದಿಗೆ ದಾಖಲಿಸಿಕೊಂಡಿದ್ದಲ್ಲಿ ಮುಂದಿನ ವಿವಾದವನ್ನು ಬಗೆಹರಿಸಲು ಅನುಕೂಲವಾಗುತ್ತದೆ. ಹಿಂದಿನ ಗ್ರಾಹಕರ ಭದ್ರತಾ ಠೇವಣಿಯನ್ನು ಬಾಕಿಗೆ ಹೊಂದಿಸಲಾಗಿದೆಯೇ ಎಂಬುದನ್ನೂ ವಿಚಾರಿಸಬಹುದು.

ಬಾಕಿಯ ಮೊತ್ತದ ಬಗ್ಗೆ ಆಕ್ಷೇಪಣೆ ಇದ್ದಲ್ಲಿ ಮೊದಲು ಉಪವಿಭಾಗದ ಸಹಾಯಕ ಕಾರ್ಯನಿರ್ವಾಹಕ ಇಂಜಿನಿಯರ್ ಅವರಿಗೆ ಲಿಖಿತ ಮನವಿ ಸಲ್ಲಿಸಿ ಸ್ವೀಕೃತಿ ಪಡೆಯಬೇಕು. ಪರಿಹಾರ ದೊರೆಯದಿದ್ದಲ್ಲಿ ಅಧಿನಿಯಮದ ಪ್ರಕರಣ 42(5)ರ ಅನ್ವಯ ರಚಿತವಾದ ಗ್ರಾಹಕರ ಕುಂದುಕೊರತೆ ನಿವಾರಣಾ ವೇದಿಕೆಗೂ, ತದನಂತರ ವಿದ್ಯುಚ್ಛಕ್ತಿ ಓಂಬುಡ್ಸ್‌ಮನ್ ಅವರಿಗೂ ದೂರು ಸಲ್ಲಿಸಲು ಅವಕಾಶವಿದೆ.