ಪರವಾನಗಿ, ಜೀವನೋಪಾಯ ಮತ್ತು ಸಹಜ ನ್ಯಾಯ: ಪತ್ರ ಬರಹಗಾರರ ಮೇಲಿನ ಸರ್ಕಾರಿ ಕ್ರಮಗಳ ನ್ಯಾಯಾಂಗ ಪರಿಶೀಲನೆ

ಕ್ರಯಪತ್ರ, ದಾನಪತ್ರ, ವಿಭಾಗಪತ್ರಗಳನ್ನು ಬರೆದುಕೊಡುವ ಪರವಾನಗಿದಾರ ಪತ್ರ ಬರಹಗಾರರು ಸರ್ಕಾರಿ ನೌಕರರಲ್ಲ. ಅವರಿಗೆ ಸಂಬಳವಿಲ್ಲ, ಪಿಂಚಣಿಯಿಲ್ಲ. ಆದರೂ ಅವರ ಕಸುಬು ನೋಂದಣಿ ಇಲಾಖೆಯ ಹಿಡಿತದಲ್ಲಿದೆ. ಕೇರಳ 1960ರಲ್ಲಿ, ಕರ್ನಾಟಕ 1979ರಲ್ಲಿ, ತಮಿಳುನಾಡು 1982ರಲ್ಲಿ ಇವರಿಗಾಗಿಯೇ ಪರವಾನಗಿ ನಿಯಮಗಳನ್ನು ರೂಪಿಸಿದವು. ಪರವಾನಗಿಯ ಅಮಾನತು, ರದ್ದತಿ ಅಥವಾ ಕಚೇರಿ ಆವರಣಕ್ಕೆ ನಿರ್ಬಂಧದಂಥ ಕ್ರಮಗಳನ್ನು ಸಂವಿಧಾನದ 226ನೇ ವಿಧಿಯಡಿ ಪ್ರಶ್ನಿಸಿದಾಗ ಯಾವ ವಾದ ನಿಲ್ಲಬಲ್ಲದು, ಯಾವುದು ನಿಲ್ಲದು ಎಂಬುದು ಪ್ರಸ್ತುತ ಲೇಖನದ ವಿಷಯ. ಒಬ್ಬರ ಮೇಲಿನ ಶಿಸ್ತುಕ್ರಮಕ್ಕೂ ಇಡೀ ಕಸುಬನ್ನು ತಟ್ಟುವ ನೀತಿಗೂ ಒಂದೇ ಅಳತೆ ಸಲ್ಲದು ಎಂಬುದು ಇಲ್ಲಿನ ಪ್ರತಿಪಾದನೆ.

ಮೊದಲ ಪ್ರಶ್ನೆ ಅಧಿಕಾರದ್ದು. 1908ರ ನೋಂದಣಿ ಕಾಯ್ದೆಯ 69ನೇ ಕಲಮು ನೋಂದಣಿ ಮಹಾಪರಿವೀಕ್ಷಕರಿಗೆ ನಿಯಮ ರಚಿಸುವ ಅಧಿಕಾರ ಕೊಡುತ್ತದೆ. ಆದರೆ ಆ ನಿಯಮಗಳು ಕಾಯ್ದೆಗೆ ಅನುಗುಣವಾಗಿರಬೇಕು, ರಾಜ್ಯ ಸರ್ಕಾರದ ಒಪ್ಪಿಗೆ ಪಡೆದು ರಾಜ್ಯಪತ್ರದಲ್ಲಿ ಪ್ರಕಟವಾಗಬೇಕು. ಈ ಅಧಿಕಾರದ ಎಲ್ಲೆಯನ್ನು ಸುಪ್ರೀಂ ಕೋರ್ಟ್ 2025ರ ಕೆ. ಗೋಪಿ ಪ್ರಕರಣದಲ್ಲಿ ಸ್ಪಷ್ಟಪಡಿಸಿತು. ಹಕ್ಕಿನ ಮೂಲ ದಾಖಲೆ ಇಲ್ಲವೆಂದು ನೋಂದಣಿ ನಿರಾಕರಿಸಲು ಅವಕಾಶ ಕೊಟ್ಟಿದ್ದ ತಮಿಳುನಾಡಿನ 55ಎ(1) ನಿಯಮವನ್ನು, ಅದು ಕಾಯ್ದೆಗೆ ಹೊಂದುವುದಿಲ್ಲವೆಂದು ಅಸಿಂಧುಗೊಳಿಸಿತು. ಆ ತೀರ್ಪು ಪತ್ರ ಬರಹಗಾರರನ್ನು ಕುರಿತದ್ದಲ್ಲ, ಆದರೆ ಅದರ ತರ್ಕ ಅವರಿಗೂ ಅನ್ವಯಿಸುತ್ತದೆ. ಪ್ರಕಟಿತ ನಿಯಮಕ್ಕೇ ಇಂಥ ಮಿತಿಯಿರುವಾಗ, ನಿಯಮದಲ್ಲಿಲ್ಲದ ನಿರ್ಬಂಧವನ್ನು ಬರೀ ಸುತ್ತೋಲೆಯಿಂದ ಹೇರಲಾಗದು.

ಎರಡನೆಯದು ಕಾರ್ಯವಿಧಾನದ ಪ್ರಶ್ನೆ. ಅರ್ಜಿದಾರರ ನೆಲೆ ಅತ್ಯಂತ ಗಟ್ಟಿಯಾಗಿರುವುದು ಇಲ್ಲಿಯೇ. ಪರವಾನಗಿ ರದ್ದಾದರೆ ಸಂವಿಧಾನದ 19(1)(ಜಿ) ವಿಧಿಯಡಿಯ ವೃತ್ತಿಸ್ವಾತಂತ್ರ್ಯಕ್ಕೆ ನೇರ ಪೆಟ್ಟು ಬೀಳುತ್ತದೆ. ಗುತ್ತಿಗೆದಾರರನ್ನು ಕಪ್ಪುಪಟ್ಟಿಗೆ ಸೇರಿಸುವ ಮುನ್ನ ಅಹವಾಲು ಕೇಳಲೇಬೇಕೆಂದು ಎರೂಷಿಯನ್ ಇಕ್ವಿಪ್‌ಮೆಂಟ್ ಪ್ರಕರಣ (1974) ಹೇಳಿತು. ಆರೋಪದ ಜೊತೆಗೆ ಉದ್ದೇಶಿತ ಕ್ರಮವೂ ನೋಟಿಸಿನಿಂದ ತಿಳಿಯುವಂತಿರಬೇಕೆಂದು ಗೂರ್ಖಾ ಸೆಕ್ಯುರಿಟಿ ಪ್ರಕರಣ (2014) ಸ್ಪಷ್ಟಪಡಿಸಿತು. ಆದೇಶದಲ್ಲಿಲ್ಲದ ಕಾರಣವನ್ನು ಆಮೇಲೆ ಪ್ರಮಾಣಪತ್ರದ ಮೂಲಕ ಸೇರಿಸಲಾಗದೆಂಬುದು ಮೊಹಿಂದರ್ ಸಿಂಗ್ ಗಿಲ್ ತೀರ್ಪಿನ ಸಾರ. ಗುತ್ತಿಗೆದಾರರಿಗೆ ಸಿಗುವ ಈ ರಕ್ಷಣೆ, ದಿನದ ದುಡಿಮೆಯನ್ನೇ ನಂಬಿದ ಬರಹಗಾರರಿಗೆ ಸಿಗದಿರಲು ಯಾವ ಕಾರಣವೂ ಇಲ್ಲ. ಚಕ್ಕುಬಂದಿಯಲ್ಲಿ ಕಣ್ತಪ್ಪಿನಿಂದಾದ ದೋಷಕ್ಕೂ ಸುಳ್ಳು ವ್ಯಕ್ತಿಯನ್ನು ಮಾಲೀಕನೆಂದು ನಿಲ್ಲಿಸಿದ ವಂಚನೆಗೂ ಒಂದೇ ಶಿಕ್ಷೆ ವಿಧಿಸುವುದು ಪ್ರಮಾಣಬದ್ಧತೆಯ ತತ್ವಕ್ಕೆ ವಿರುದ್ಧ.

ಮೂರನೆಯದು ನೀತಿಯ ಪ್ರಶ್ನೆ. ಇಲ್ಲಿ ಬರಹಗಾರರ ವಾದ ಸೊರಗುತ್ತದೆ. ಪರವಾನಗಿದಾರರೇ ಪತ್ರ ಬರೆಯಬೇಕೆಂದು ನೋಂದಣಿ ಕಾಯ್ದೆ ಕಡ್ಡಾಯಪಡಿಸಿಲ್ಲ. ಪಕ್ಷಕಾರರೇ ಬರೆದುಕೊಳ್ಳಬಹುದು, ವಕೀಲರೂ ಬರೆಯಬಹುದು. ಕರ್ನಾಟಕದಲ್ಲಿ 2023ರಲ್ಲಿ ಬಂದ ಕಾವೇರಿ-2 ತಂತ್ರಾಂಶ ಪಕ್ಷಕಾರರಿಗೆ ಆನ್‌ಲೈನ್ ಮೂಲಕವೇ ವಿವರ ಸಲ್ಲಿಸುವ ದಾರಿ ತೆರೆದಿದೆ. ಇದರಿಂದ ಆದಾಯ ಕುಗ್ಗಿತೆಂಬುದಷ್ಟೇ ಮೂಲಭೂತ ಹಕ್ಕಿನ ಉಲ್ಲಂಘನೆಯಾಗದು. ಶಾನುಭೋಗಿಕೆಯ ಇತಿಹಾಸ ಇಲ್ಲಿ ಪ್ರಸ್ತುತ. ಶಾನುಭೋಗಿಕೆಯಂಥ ವಂಶಪಾರಂಪರ್ಯದ ಗ್ರಾಮಾಧಿಕಾರಗಳನ್ನು ಕೊನೆಗೊಳಿಸಿದ 1961ರ ಮೈಸೂರು ಗ್ರಾಮಾಧಿಕಾರ ರದ್ದಿಯಾತಿ ಕಾಯ್ದೆಯನ್ನು ಸುಪ್ರೀಂ ಕೋರ್ಟ್ ಬಿ.ಆರ್. ಶಂಕರನಾರಾಯಣ ಪ್ರಕರಣದಲ್ಲಿ ಎತ್ತಿಹಿಡಿಯಿತು. ಗ್ರಾಮಾಧಿಕಾರವನ್ನೇ ಶಾಸಕಾಂಗ ರದ್ದುಮಾಡಬಹುದಾದರೆ, ನಿಯಮದಿಂದ ಬಂದ ಪರವಾನಗಿ ಪದ್ಧತಿ ಶಾಶ್ವತವೆಂದು ವಾದಿಸುವುದು ಕಷ್ಟ.

ಒಬ್ಬರ ಮೇಲಿನ ಶಿಸ್ತುಕ್ರಮ ಮತ್ತು ಸಾಮಾನ್ಯ ನೀತಿ, ಇವೆರಡರ ನಡುವೆ ಬರುವ ಕ್ರಮಗಳನ್ನು ನ್ಯಾಯಾಲಯಗಳು ಹೆಚ್ಚು ಎಚ್ಚರದಿಂದ ನೋಡಬೇಕು. ಮಧ್ಯವರ್ತಿಗಳ ಹಾವಳಿ ತಡೆಯುವ ಹೆಸರಿನಲ್ಲಿ ಪರವಾನಗಿ ಇದ್ದವರನ್ನೂ ಇಲ್ಲದವರನ್ನೂ ಒಟ್ಟಿಗೆ ಉಪನೋಂದಣಾಧಿಕಾರಿ ಕಚೇರಿಯಿಂದ ಹೊರಹಾಕಿದರೆ, ಅದು ಹೊರನೋಟಕ್ಕೆ ನೀತಿ, ಪರಿಣಾಮದಲ್ಲಿ ವಿಚಾರಣೆಯಿಲ್ಲದ ಶಿಕ್ಷೆ. ಅಸಮಾನರನ್ನು ಸಮಾನರೆಂದು ಕಾಣುವ ಇಂಥ ಆದೇಶ 14ನೇ ವಿಧಿಯ ಪರೀಕ್ಷೆಯಲ್ಲಿ ಉಳಿಯಲಾರದು. ಉದ್ದೇಶಕ್ಕೂ ನಿರ್ಬಂಧಕ್ಕೂ ಹೊಂದಾಣಿಕೆ ಇರಬೇಕೆಂದು ಬೀಡಿ ಕಾರ್ಮಿಕರ ಉದ್ಯೋಗಕ್ಕೆ ಸಂಬಂಧಿಸಿದ ಚಿಂತಾಮನ್ ರಾವ್ ಪ್ರಕರಣ 1950ರಷ್ಟು ಹಿಂದೆಯೇ ಹೇಳಿತ್ತು.

ಒಟ್ಟಿನಲ್ಲಿ, ರಿಟ್ ಅರ್ಜಿ ಅನ್ಯಾಯದ ಆದೇಶವನ್ನು ತೆಗೆದುಹಾಕಬಲ್ಲದು, ಬದಲಾದ ವ್ಯವಸ್ಥೆಯಲ್ಲಿ ಕಸುಬನ್ನು ಉಳಿಸಿಕೊಡಲಾರದು. ಆ ಹೊಣೆ ಸರ್ಕಾರದ್ದು. ನೋಟಿಸ್, ವಿಚಾರಣೆ, ಅಮಾನತಿಗೆ ಕಾಲಮಿತಿ, ಮೇಲ್ಮನವಿ ಇವುಗಳನ್ನು ಖಚಿತಪಡಿಸುವಂತೆ ನಿಯಮಗಳನ್ನು ಪರಿಷ್ಕರಿಸಬೇಕು. ಆನ್‌ಲೈನ್ ನೋಂದಣಿಯಲ್ಲಿ ಪರವಾನಗಿದಾರರಿಗೆ ಅಧಿಕೃತ ಸ್ಥಾನ ಕೊಟ್ಟು, ಅವರು ಬರೆದ ಪ್ರತಿ ಪತ್ರಕ್ಕೂ ಅವರನ್ನೇ ಹೊಣೆಯಾಗಿಸಬೇಕು. ಕಂಪ್ಯೂಟರ್ ಬಳಸಲು ಬಾರದ ರೈತರಿಗೂ ಹಿರಿಯರಿಗೂ ಇದರಿಂದಲೇ ನಿಜವಾದ ರಕ್ಷಣೆ ದೊರೆಯುತ್ತದೆ.